ಬಸವನಹುಳುವಿನ ಚಿಪ್ಪಿನೊಳಗೆ ಯಾರಿದ್ದಾರೆ?

2025ರಲ್ಲಿ ಅಮೆರಿಕದ ಸ್ಕ್ರಿಪ್ಸ್ ಸಾಗರ ಸಂಶೋಧನಾ ಸಂಸ್ಥೆಯವರು ಒಂದು ಅಧ್ಯಯನ ಪ್ರಕಟಿಸಿದರು. ಕ್ಯಾಲಿಫೋರ್ನಿಯಾದ ಸ್ಯಾನ್ ಡಿಯಾಗೋ ಕಡೆ ಜನ ಗಾಳ ಹಾಕಿಕೊಂಡು ಕೂರುವ ಐದು ಜಾಗಗಳಿಂದ ಸಿಹಿನೀರಿನ ಮೀನುಗಳನ್ನು ತಂದು, ಸೀಳಿ, ಸೂಕ್ಷ್ಮದರ್ಶಕದ ಕೆಳಗೆ ನೋಡಿದ್ದರು. ನೂರಕ್ಕೆ 93 ಮೀನುಗಳಲ್ಲಿ ಹ್ಯಾಪ್ಲಾರ್ಕಿಸ್ ಪ್ಯುಮಿಲಿಯೊ ಎಂಬ ಚಪ್ಪಟೆ ಹುಳುವಿನ ಮರಿಗಳು ಸಿಕ್ಕವು. ಹುಳು ಅಮೆರಿಕದ್ದಲ್ಲ, ಏಷ್ಯಾ ಮತ್ತು ಆಫ್ರಿಕಾ ಕಡೆಯದು. ಮನುಷ್ಯನ ಕರುಳಿನಲ್ಲೂ ಬದುಕಬಲ್ಲದು. ಇಷ್ಟು ದೂರ ಅದು ಬಂದದ್ದು ಹೇಗೆ ಅಂತ ಹುಡುಕುತ್ತಾ ಹೋದರೆ ಕೊನೆಗೆ ಸಿಗುವುದು ಎರಡು ಮೂರು ಸೆಂಟಿಮೀಟರ್ ಉದ್ದದ ಒಂದು ಬಸವನಹುಳು.

ಅದರ ವೈಜ್ಞಾನಿಕ ಹೆಸರು ಮೆಲನಾಯ್ಡಿಸ್ ಟ್ಯುಬರ್ಕ್ಯುಲೇಟಾ. ಅಕ್ವೇರಿಯಂ ಇಟ್ಟುಕೊಂಡವರು ಮಲೇಷಿಯನ್ ಟ್ರಂಪೆಟ್ ಸ್ನೇಲ್ ಅನ್ನುತ್ತಾರೆ. ಉದ್ದಕ್ಕೆ, ಚೂಪಾಗಿ ಸುತ್ತಿಕೊಂಡ ಚಿಪ್ಪು, ಮೇಲೆ ಕಂದು ಕೆಂಪು ಚುಕ್ಕೆ, ಗೆರೆಗಳು. ಡೆನ್ಮಾರ್ಕಿನ ಓಟ್ಟೊ ಫ್ರೆಡರಿಕ್ ಮುಲ್ಲರ್ 1774ರಲ್ಲಿ ಇದನ್ನು ಮೊದಲು ವರ್ಣಿಸಿದ್ದು ಕೋರಮಂಡಲ ಕರಾವಳಿಯಿಂದ ಹೋದ ಚಿಪ್ಪು ನೋಡಿ. ಅಂದರೆ ದಕ್ಷಿಣ ಏಷ್ಯಾ, ಮಧ್ಯಪ್ರಾಚ್ಯ, ಆಫ್ರಿಕಾದ ಕೆಲವು ಭಾಗ ಇದರ ಹುಟ್ಟೂರು. ಅಲ್ಲಿ ಇದು ಹೊರಗಿನದಲ್ಲ, ಕೆರೆ ಕಾಲುವೆಯ ಕೆಸರಿನಲ್ಲಿ ತನ್ನ ಪಾಡಿಗೆ ಇರುವ ಸಾಮಾನ್ಯ ಜೀವಿ. ಗಲಾಟೆ ಶುರುವಾಗುವುದು ಇದು ಅಮೆರಿಕ, ಮೆಕ್ಸಿಕೊ, ಕೆರಿಬಿಯನ್ ದ್ವೀಪಗಳ ನೀರಿಗೆ ಬಿದ್ದಾಗ.

ಬೀಳಿಸಿದವರು ನಾವೇ. ಅಕ್ವೇರಿಯಂ ಗಿಡಗಳ ಬೇರಿನಲ್ಲಿ, ಮರಳಿನಲ್ಲಿ ಸೇರಿಕೊಂಡು ಇದು ಊರೂರು ತಿರುಗಿತು. ಕೆಲವರು ಬೇಕೆಂದೇ ಸಾಕುತ್ತಾರೆ, ಯಾಕೆಂದರೆ ಹಗಲೆಲ್ಲ ಮರಳಿನೊಳಗೆ ಹೂತುಕೊಂಡು ಅದನ್ನು ಕೆದಕುತ್ತಿರುತ್ತದೆ, ಉಳಿದ ಮೀನಿನ ಆಹಾರ, ಪಾಚಿ ತಿಂದು ತೊಟ್ಟಿ ಚೊಕ್ಕವಾಗಿಡುತ್ತದೆ. ರಾತ್ರಿ ಮಾತ್ರ ಹೊರಗೆ. ಹಾಗಾಗಿ ತೊಟ್ಟಿಯಲ್ಲಿ ಎಷ್ಟಿವೆ ಅಂತ ಸಾಕಿದವರಿಗೇ ಗೊತ್ತಿರುವುದಿಲ್ಲ. ಬೇಜಾರು ಬಂದು ತೊಟ್ಟಿಯ ನೀರನ್ನು ಹತ್ತಿರದ ಹಳ್ಳಕ್ಕೋ ಕೆರೆಗೋ ಸುರಿದರೆ ಮುಗಿಯಿತು. ಬೆಚ್ಚಗಿನ ನೀರಾದರೆ ಅದು ಅಲ್ಲೇ ಬೇರೂರುತ್ತದೆ.

ಒಂದೇ ಒಂದು ಬಸವನಹುಳು ಸಾಕು ಅನ್ನುವುದು ಇಲ್ಲಿ ಅತಿಶಯದ ಮಾತಲ್ಲ. ಈ ಜಾತಿಯಲ್ಲಿ ಬಹುತೇಕ ಎಲ್ಲವೂ ಹೆಣ್ಣು. ಗಂಡಿನ ಸಹವಾಸವೇ ಇಲ್ಲದೆ ಅವು ಮರಿ ಮಾಡುತ್ತವೆ, ಆ ಮರಿಗಳು ಹೆಚ್ಚುಕಡಿಮೆ ತಾಯಿಯ ಪ್ರತಿಗಳು. ಮೊಟ್ಟೆಯನ್ನು ಹೊರಗೆ ಇಡುವುದಿಲ್ಲ, ಕತ್ತಿನ ಹತ್ತಿರದ ಒಂದು ಚೀಲದಲ್ಲಿ ಮರಿಗಳನ್ನು ಬೆಳೆಸಿ, ಚಿಪ್ಪು ಮೂಡಿದ ಮೇಲೆ ಹೊರಗೆ ಬಿಡುತ್ತವೆ. ಮೇಲಾಗಿ ಚಿಪ್ಪಿನ ಬಾಯಿಗೆ ಒಂದು ಮುಚ್ಚಳ ಇದೆ. ನೀರು ಕೆಟ್ಟರೆ, ಔಷಧಿ ಹಾಕಿದರೆ, ಸ್ವಲ್ಪ ಒಣಗಿದರೆ ಒಳಗೆ ಸೇರಿ ಬಾಗಿಲು ಹಾಕಿಕೊಳ್ಳುತ್ತದೆ. ಕಡಿಮೆ ಆಮ್ಲಜನಕ, ಸ್ವಲ್ಪ ಉಪ್ಪು ನೀರು, ಯಾವುದಕ್ಕೂ ಜಗ್ಗುವುದಿಲ್ಲ. ಚಳಿ ಮಾತ್ರ ಆಗದು. ನೀರು ಹದಿನೆಂಟು ಡಿಗ್ರಿಗಿಂತ ಕೆಳಗೆ ಬಹಳ ದಿನ ಇದ್ದರೆ ಕಷ್ಟ. ಅದಕ್ಕೇ ತಣ್ಣಗಿನ ಪ್ರದೇಶಗಳಲ್ಲಿ ಇದು ಬಿಸಿನೀರಿನ ಬುಗ್ಗೆಗಳ ಬಳಿ, ಕಾರ್ಖಾನೆಯ ಬೆಚ್ಚನೆಯ ನೀರು ಬಂದು ಸೇರುವ ಕಡೆ ಮಾತ್ರ ಸಿಗುತ್ತದೆ. ಇಷ್ಟವಾದ ಜಾಗ ಸಿಕ್ಕರೆ ಒಂದು ಚದರ ಮೀಟರಿಗೆ ಸಾವಿರಾರು.

ಸರಿ, ಇದ್ದರೆ ಇರಲಿ, ಬಸವನಹುಳು ಕಚ್ಚುತ್ತದಾ? ಇಲ್ಲ. ಬರಿಗೈಲಿ ಮುಟ್ಟಿದರೂ ಏನೂ ಆಗದು. ಸಮಸ್ಯೆ ಅದರ ಬಾಡಿಗೆದಾರರದ್ದು.

ಟ್ರೆಮಟೋಡ್ ಎಂಬ ಚಪ್ಪಟೆ ಹುಳುಗಳ ಒಂದು ದೊಡ್ಡ ಗುಂಪಿದೆ. ಇವುಗಳ ಬಾಳು ವಿಚಿತ್ರ. ಒಂದೇ ಪ್ರಾಣಿಯಲ್ಲಿ ಹುಟ್ಟಿ, ಬೆಳೆದು, ಸಾಯುವುದಿಲ್ಲ. ದೂರದೂರಿಗೆ ಎರಡು ಮೂರು ಬಸ್ ಬದಲಿಸಿಕೊಂಡು ಹೋಗುವ ಪ್ರಯಾಣಿಕನ ಹಾಗೆ, ಒಂದರಿಂದ ಇಳಿದು ಇನ್ನೊಂದನ್ನು ಹತ್ತಬೇಕು, ನಡುವೆ ಒಂದು ತಪ್ಪಿದರೂ ಊರು ಸೇರುವುದಿಲ್ಲ. ಹ್ಯಾಪ್ಲಾರ್ಕಿಸ್ ಉದಾಹರಣೆ ತಗೊಳ್ಳಿ. ಮೀನು ತಿನ್ನುವ ಹಕ್ಕಿಯ ಕರುಳಲ್ಲಿ ದೊಡ್ಡ ಹುಳು ಇರುತ್ತದೆ. ಅದರ ಮೊಟ್ಟೆ ಹಿಕ್ಕೆಯ ಜತೆ ನೀರಿಗೆ ಬೀಳುತ್ತದೆ. ಕೆಸರು ಮೇಯುವ ಬಸವನಹುಳು ಅದನ್ನು ನುಂಗುತ್ತದೆ. ಒಳಗೆ ಮೊಟ್ಟೆಯೊಡೆದು ಮರಿ ಹೊರಬಂದು, ಅಲ್ಲೇ ನೂರಾರು ಪಟ್ಟು ಹೆಚ್ಚುತ್ತದೆ. ಆಮೇಲೆ ಬಾಲವಿರುವ ಸಣ್ಣ ಮರಿಗಳು ನೀರಿಗೆ ಈಜಿ ಬಂದು ಮೀನಿನ ಮೈಯೊಳಗೆ ತೂರಿ, ಅಲ್ಲಿ ಗುಳ್ಳೆ ಕಟ್ಟಿಕೊಂಡು ಕಾಯುತ್ತವೆ. ಆ ಮೀನನ್ನು ಹಕ್ಕಿ ತಿಂದರೆ ಮತ್ತೆ ಮೊದಲಿನಿಂದ. ಹಕ್ಕಿಯ ಬದಲು ಹಸಿ ಮೀನು ತಿಂದ ಮನುಷ್ಯ ಆದರೂ ಹುಳುವಿಗೆ ಪರವಾಗಿಲ್ಲ.

ಗಮನಿಸಬೇಕಾದ್ದು ಇಲ್ಲಿದೆ. ಹಕ್ಕಿ ಯಾವುದು ಅನ್ನುವುದರಲ್ಲಿ, ಮೀನು ಯಾವುದು ಅನ್ನುವುದರಲ್ಲಿ ಈ ಹುಳುಗಳು ಅಷ್ಟು ಗಲಾಟೆ ಮಾಡುವುದಿಲ್ಲ. ಆದರೆ ಬಸವನಹುಳು ವಿಚಾರದಲ್ಲಿ ಭಾರಿ ಹಟ. ಮನುಷ್ಯನ ರಕ್ತನಾಳಗಳಲ್ಲಿ ಬದುಕುವ ಸ್ಕಿಸ್ಟೊಸೋಮಾ ಮಾನ್ಸೋನಿ ಎಂಬ ಹುಳುವಿಗೆ ಬಯೊಂಫಲೇರಿಯಾ ಎಂಬ ಬಸವನಹುಳುವೇ ಬೇಕು, ಮೂತ್ರಕೋಶ ಕೆಡಿಸುವ ಅದರ ಸೋದರ ಹುಳುವಿಗೆ ಬುಲಿನಸ್ ಬೇಕು, ಆಗ್ನೇಯ ಏಷ್ಯಾದಲ್ಲಿ ಪಿತ್ತನಾಳದ ಕ್ಯಾನ್ಸರಿಗೆ ಕಾರಣವಾಗುವ ಯಕೃತ್ತಿನ ಹುಳುವಿಗೆ ಬಿಥಿನಿಯಾ. ಬೇರೆ ಬಸವನಹುಳು ಎಷ್ಟೇ ಹತ್ತಿರ ಇದ್ದರೂ ಉಪಯೋಗ ಇಲ್ಲ. ಹಾಗಾಗಿ ಹಕ್ಕಿ ಎಷ್ಟು ದೂರ ಹಾರಿದರೂ, ಹಿಕ್ಕೆಯಲ್ಲಿ ಎಷ್ಟು ಮೊಟ್ಟೆ ಬಿದ್ದರೂ, ಸರಿಯಾದ ಬಸವನಹುಳು ಇಲ್ಲದ ಕೆರೆಯಲ್ಲಿ ರೋಗ ನೆಲೆಯೂರುವುದಿಲ್ಲ. ಅಮೆರಿಕದಲ್ಲಿ ಹಕ್ಕಿಯೂ ಇತ್ತು, ಮೀನೂ ಇತ್ತು, ಹಸಿ ಮೀನು ತಿನ್ನುವವರೂ ಇದ್ದರು. ಇಲ್ಲದಿದ್ದದ್ದು ಇದೊಂದೇ. ಅದನ್ನು ನಾವು ತೊಟ್ಟಿಯಲ್ಲಿ ತಂದುಕೊಟ್ಟೆವು.

ಇನ್ನು ಚಿಪ್ಪಿನೊಳಗೆ ನಡೆಯುವುದು. ನನಗೆ ಈ ಇಡೀ ಕತೆಯಲ್ಲಿ ಮೈ ಜುಂ ಅನ್ನಿಸುವುದು ಇದೇ ಭಾಗ.

ಬಸವನಹುಳುವಿನೊಳಗೆ ಸೇರಿದ ಚಪ್ಪಟೆ ಹುಳು ಮೊದಲು ಕೈ ಹಾಕುವುದು ಅದರ ಸಂತಾನದ ಅಂಗಕ್ಕೆ. ಅದನ್ನು ತಿಂದು, ಆ ಜಾಗದಲ್ಲಿ ತನ್ನ ಮರಿಗಳನ್ನು ತುಂಬುತ್ತದೆ. ಬಸವನಹುಳು ಸಾಯುವುದಿಲ್ಲ. ಓಡಾಡುತ್ತದೆ, ಮೇಯುತ್ತದೆ, ಚಿಪ್ಪು ಬೆಳೆಸುತ್ತದೆ, ಆದರೆ ಇನ್ನು ಅದಕ್ಕೆ ಮಕ್ಕಳಾಗುವುದಿಲ್ಲ. ತಿಂದದ್ದೆಲ್ಲ ಹೋಗುವುದು ಒಳಗಿರುವ ಹುಳುಗಳ ಸಂಸಾರಕ್ಕೆ. ಹೊರಗಿನಿಂದ ನೋಡಿದರೆ ಬಸವನಹುಳು, ಕೆಲಸ ಮಾಡುವುದು ಮಾತ್ರ ಹುಳುವಿನ ಕಾರ್ಖಾನೆಯಾಗಿ. ದಿನಾ ನೂರಾರು, ಕೆಲವೊಮ್ಮೆ ಸಾವಿರಾರು ಮರಿಗಳನ್ನು ಅದು ನೀರಿಗೆ ಬಿಡುತ್ತಲೇ ಇರುತ್ತದೆ, ಮತ್ತು ಇದು ಒಂದೆರಡು ದಿನದ ಮಾತಲ್ಲ, ಬಸವನಹುಳು ಬದುಕಿರುವಷ್ಟು ಕಾಲ ನಡೆಯಬಹುದು.

ಇಂಥ ಒಳ್ಳೆಯ ಜಾಗಕ್ಕೆ ಪೈಪೋಟಿ ಇಲ್ಲದೆ ಇರುತ್ತದಾ? ಒಂದೇ ಚಿಪ್ಪಿಗೆ ಎರಡು ಜಾತಿಯ ಚಪ್ಪಟೆ ಹುಳುಗಳು ಬಂದು ಸೇರುವುದುಂಟು. ಆಗ ಯುದ್ಧ. ಕೆಲವು ಚಪ್ಪಟೆ ಹುಳುಗಳಲ್ಲಿ ಸೈನಿಕರು ಇರುತ್ತಾರೆ ಅಂತ ಸುಮಾರು 2010ರಲ್ಲಿ ರಯಾನ್ ಹೆಚಿಂಗರ್ ಮತ್ತು ಅವರ ಜತೆಗಾರರು ತೋರಿಸಿದರು. ಗೆದ್ದಲು, ಇರುವೆಗಳಲ್ಲಿ ಇದ್ದಂತೆಯೇ ಕೆಲಸ ಹಂಚಿಕೊಂಡ ಸಮಾಜ, ಒಂದು ಬಸವನಹುಳುವಿನ ಹೊಟ್ಟೆಯಲ್ಲಿ! ಮರಿ ಮಾಡುವವರು ಬೇರೆ, ಕಾಯುವವರು ಬೇರೆ. 2024ರಲ್ಲಿ ಡೇನಿಯಲ್ ಮೆಟ್ಸ್ ಮತ್ತು ಹೆಚಿಂಗರ್ ಇದೇ ಹ್ಯಾಪ್ಲಾರ್ಕಿಸ್ ಪ್ಯುಮಿಲಿಯೊ ಬಗ್ಗೆ ಬರೆದರು. ಇದರ ಸೈನಿಕರಿಗೆ ಮರಿ ಮಾಡುವ ಅಂಗವೇ ಇಲ್ಲ. ಮೈಯಲ್ಲಿ ಎದ್ದು ಕಾಣುವುದು ಗಂಟಲು ಮಾತ್ರ, ದೇಹಕ್ಕೆ ಹೋಲಿಸಿದರೆ ತುಂಬಾ ದೊಡ್ಡದು. ಬೇರೆ ಜಾತಿಯ ಹುಳು ಒಳಗೆ ಬಂದರೆ ಅದಕ್ಕೆ ಬಾಯಿ ಹಚ್ಚಿ ಒಳಗಿನದನ್ನು ಹೀರಿ ಕೊಲ್ಲುತ್ತವೆ. ಹುಟ್ಟಿನಿಂದ ಸಾವಿನವರೆಗೆ ಇವಕ್ಕೆ ಬೇರೆ ಉದ್ಯೋಗ ಇಲ್ಲ.

ಇದನ್ನು ನಾನು ಸುಮ್ನೆ ಕೌತುಕಕ್ಕೆ ಹೇಳುತ್ತಿಲ್ಲ. ಹೊಸ ಜಾಗದಲ್ಲಿ ಈ ಹುಳು ಯಾಕೆ ಇಷ್ಟು ಬೇಗ ತಳ ಊರಿತು ಅನ್ನುವುದಕ್ಕೆ ಇದೂ ಒಂದು ಸುಳಿವು. ಬಸವನಹುಳು ಹೇರಳವಾಗಿದೆ, ಒಳಗೆ ಸೇರಿದ ಹುಳುವಿಗೆ ತನ್ನದೇ ಕಾವಲು ಪಡೆ ಇದೆ, ಒಂದು ಸಲ ಹಿಡಿದ ಚಿಪ್ಪನ್ನು ಅದು ಸುಲಭಕ್ಕೆ ಬಿಟ್ಟುಕೊಡುವುದಿಲ್ಲ.

ಹ್ಯಾಪ್ಲಾರ್ಕಿಸ್ ಒಂದೇ ಅಲ್ಲ. ಇದೇ ಬಸವನಹುಳುವಿನಲ್ಲಿ ಬೆಳೆಯುವ ಇನ್ನೊಂದು ಹುಳು ಸೆಂಟ್ರೊಸೆಸ್ಟಸ್ ಫಾರ್ಮೊಸಾನಸ್. 1924ರಲ್ಲಿ ತೈವಾನಿನಲ್ಲಿ ಮೊದಲು ವರ್ಣಿಸಿದ್ದು, ಹೆಸರಿನಲ್ಲೇ ಹಳೆಯ ಫಾರ್ಮೋಸಾ ಇದೆ. ಇದು ಮೀನಿನ ಕಿವಿರನ್ನೇ ಹಿಡಿಯುತ್ತದೆ. ಮರಿ ಹುಳು ಕಿವಿರಿನ ಎಳೆಯೊಳಗೆ ಗುಳ್ಳೆ ಕಟ್ಟಿಕೊಂಡಾಗ ಮೀನಿನ ದೇಹ ಅದರ ಸುತ್ತ ಮೃದು ಎಲುಬನ್ನು ಬೆಳೆಸಿ ಮುಚ್ಚಲು ನೋಡುತ್ತದೆ. ಹುಳು ಸಾಯುವುದಿಲ್ಲ, ಕಿವಿರು ಮಾತ್ರ ದಪ್ಪವಾಗಿ ಸೊಟ್ಟಗಾಗುತ್ತದೆ. ಹತ್ತಾರು ಗುಳ್ಳೆ ಆದರೆ ತಡೆದುಕೊಂಡೀತು. ನೂರಾರು ಆದಾಗ ನೀರಿನಲ್ಲಿ ಆಮ್ಲಜನಕ ಇದ್ದೂ ಮೀನು ಉಸಿರುಗಟ್ಟುತ್ತದೆ. ಫ್ಲೋರಿಡಾದಲ್ಲಿ ಅಲಂಕಾರದ ಮೀನು ಸಾಕುವ ಹೊಂಡಗಳವರಿಗೆ ಇದು ದೊಡ್ಡ ತಲೆನೋವು. ಹಿಡಿದು ಸಾಗಿಸುವಾಗ, ನೀರು ಸ್ವಲ್ಪ ಕೆಟ್ಟಾಗ, ಕಿವಿರು ಹಾಳಾದ ಮೀನು ಮೊದಲು ಸಾಯುತ್ತದೆ.

ಟೆಕ್ಸಾಸಿನ ಕತೆ ಇನ್ನೂ ಬೇಸರದ್ದು. ಅಲ್ಲಿನ ಕೋಮಲ್ ಮತ್ತು ಸ್ಯಾನ್ ಮಾರ್ಕಸ್ ಎಂಬ ಎರಡು ಬುಗ್ಗೆ ನದಿಗಳಲ್ಲಿ ಫೌಂಟನ್ ಡಾರ್ಟರ್ ಎಂಬ ಪುಟ್ಟ ಮೀನಿದೆ, ಹೆಚ್ಚೆಂದರೆ ಬೆರಳಿನ ಒಂದು ಗೆಣ್ಣಿನಷ್ಟು. ಜಗತ್ತಿನಲ್ಲಿ ಬೇರೆಲ್ಲೂ ಇಲ್ಲ. 1956ರ ಬರಗಾಲದಲ್ಲಿ ಕೋಮಲ್ ಬುಗ್ಗೆ ಒಣಗಿ ಅಲ್ಲಿ ಇದು ಇಲ್ಲವಾಯಿತು. 1970ರ ದಶಕದಲ್ಲಿ ಸ್ಯಾನ್ ಮಾರ್ಕಸ್‌ನಿಂದ ತಂದು ಮತ್ತೆ ಬಿಟ್ಟರು. ಅಂತೂ ಬದುಕಿಕೊಂಡಿತು ಅನ್ನುವಷ್ಟರಲ್ಲಿ, 1996ರಲ್ಲಿ ಈ ಮೀನುಗಳ ಕಿವಿರಿನಲ್ಲಿ ಸೆಂಟ್ರೊಸೆಸ್ಟಸ್ ಗುಳ್ಳೆ ಕಂಡವು. ಬುಗ್ಗೆಯ ನೀರು ವರ್ಷಪೂರ್ತಿ ಸುಮಾರು 23 ಡಿಗ್ರಿ, ಬಸವನಹುಳುವಿಗೆ ಹೇಳಿ ಮಾಡಿಸಿದ ಹಾಗೆ. ದಡದಲ್ಲಿ ಹಸಿರು ಬಕ ಕೂತು ಮೀನು ಹಿಡಿಯುತ್ತದೆ. ಹುಳುವಿಗೆ ಬೇಕಾದ್ದೆಲ್ಲ ನೂರು ಗಜದೊಳಗೇ ಇತ್ತು.

ಮನುಷ್ಯನ ವಿಚಾರಕ್ಕೆ ಬರೋಣ, ಯಾಕೆಂದರೆ ಓದುವವರ ಕಣ್ಣು ಅಲ್ಲೇ ಇರುತ್ತದೆ ಅಲ್ವಾ.

ಹೆದರಬೇಕಾದಷ್ಟು ಹೆದರಿ, ಅದಕ್ಕಿಂತ ಜಾಸ್ತಿ ಬೇಡ. ಹ್ಯಾಪ್ಲಾರ್ಕಿಸ್ ಒಂದು ಮಿಲಿಮೀಟರಿಗಿಂತ ಚಿಕ್ಕ ಹುಳು. ಕರುಳಿಗೆ ಸೇರಿದವರಲ್ಲಿ ಬಹಳ ಜನಕ್ಕೆ ಗೊತ್ತೇ ಆಗುವುದಿಲ್ಲ. ಹುಳು ಜಾಸ್ತಿ ಆದರೆ ಹೊಟ್ಟೆನೋವು, ಬೇಧಿ, ಸುಸ್ತು. ಅಪರೂಪಕ್ಕೆ ಇಂಥ ಹುಳುಗಳ ಮೊಟ್ಟೆ ಕರುಳಿನ ಗೋಡೆ ದಾಟಿ ರಕ್ತದ ಜತೆ ಹೃದಯಕ್ಕೋ ಮೆದುಳಿಗೋ ಹೋಗಿ ಸಿಕ್ಕಿಕೊಳ್ಳುತ್ತದೆ. ಫಿಲಿಪ್ಪೀನ್ಸಿನಲ್ಲಿ 1930ರ ದಶಕದಲ್ಲಿ ಸತ್ತವರ ಹೃದಯದಲ್ಲಿ ಹೀಗೆ ಮೊಟ್ಟೆಗಳು ಸಿಕ್ಕಿದ್ದು ದಾಖಲಾಗಿದೆ. ಹಸಿ ಮೀನು ತಿನ್ನುವ ರೂಢಿ ಇರುವ ವಿಯೆಟ್ನಾಂ, ಲಾವೋಸ್, ಥಾಯ್ಲೆಂಡಿನ ಹಳ್ಳಿಗಳಲ್ಲಿ ಸಣ್ಣ ಕರುಳಿನ ಹುಳುಗಳು ಸಾಮಾನ್ಯ. ಔಷಧಿ ಇದೆ, ಪ್ರಾಜಿಕ್ವಾಂಟೆಲ್. ಅಗ್ಗದ ಮಾತ್ರೆ, ಚೆನ್ನಾಗಿ ಕೆಲಸ ಮಾಡುತ್ತದೆ. ಆದರೆ ಯಾರಾದರೂ ಇದು ಹುಳುವಿನ ಕಾಟ ಇರಬಹುದು ಅಂತ ಯೋಚಿಸಬೇಕಲ್ಲ.

ಹಕ್ಕಿಗಳಿಗೆ ಕಾಟ ಕೊಡುವ ಒಂದು ಹುಳುವನ್ನೂ ಹೇಳಿಬಿಡುತ್ತೇನೆ. ಫಿಲೋಫ್ತಾಲ್ಮಸ್ ಗ್ರಾಲಿ ಅಂತ, ಹಕ್ಕಿಯ ರೆಪ್ಪೆಯ ಕೆಳಗೇ ವಾಸ. ಕಣ್ಣೀರಿನಿಂದ ಮೊಟ್ಟೆ ನೀರಿಗೆ ಇಳಿಯುತ್ತದೆ, ಅಲ್ಲಿಂದ ಇದೇ ಬಸವನಹುಳು. ಜಿಂಬಾಬ್ವೆಯಲ್ಲಿ ಸಾಕಿದ ಉಷ್ಟ್ರಪಕ್ಷಿಗಳ ಕಣ್ಣು ಇದರಿಂದ ಕೆಟ್ಟದ್ದಿದೆ. ಮನುಷ್ಯನ ಕಣ್ಣಿಗೆ ಈ ಕುಲದ ಹುಳು ಸೇರುವುದು ತೀರಾ ಅಪರೂಪ.

ಇಷ್ಟು ಹೇಳಿದ ಮೇಲೆ ಬಸವನಹುಳು ಬರೀ ಖಳನಾಯಕ ಅನ್ನಿಸುತ್ತದೆ. ಹಾಗಾದರೆ ಕೆರಿಬಿಯನ್ನಿನ ಮಾರ್ಟಿನಿಕ್ ದ್ವೀಪಕ್ಕೆ ಹೋಗಿ. ಅಲ್ಲಿ ವಾಟರ್‌ಕ್ರೆಸ್ ಎಂಬ ಸೊಪ್ಪನ್ನು ಹರಿಯುವ ನೀರಿನ ಮಡಿಗಳಲ್ಲಿ ಬೆಳೆಯುತ್ತಾರೆ. ದಿನವಿಡೀ ನೀರಲ್ಲಿ ಕಾಲಿಟ್ಟು ಕೆಲಸ ಮಾಡುವವರಿಗೆ, ಮೇಲೆ ಹೇಳಿದ ಸ್ಕಿಸ್ಟೊಸೋಮಾ ಹುಳುವಿನಿಂದ ಬರುವ ಸ್ಕಿಸ್ಟೊಸೋಮಿಯಾಸಿಸ್ ರೋಗ ಅಂಟುತ್ತಿತ್ತು. ಈ ರೋಗದ ಹುಳು ಮೀನಿನ ಮೂಲಕ ಬರುವುದಿಲ್ಲ, ನೀರಲ್ಲಿ ಈಜಿ ಬಂದು ನೇರವಾಗಿ ಚರ್ಮ ಕೊರೆದು ಒಳಗೆ ಹೋಗುತ್ತದೆ, ರಕ್ತನಾಳಗಳಲ್ಲಿ ವರ್ಷಗಟ್ಟಲೆ ಇರುತ್ತದೆ, ಯಕೃತ್ತು ಕೆಡಿಸುತ್ತದೆ. ಇದಕ್ಕೆ ಬೇಕಾದ ಬಸವನಹುಳು ಬಯೊಂಫಲೇರಿಯಾ ಆ ಮಡಿಗಳಲ್ಲೇ ಇತ್ತು. 1980ರ ದಶಕದ ಆರಂಭದಲ್ಲಿ ಸಂಶೋಧಕರು ಬೇಕೆಂದೇ ನಮ್ಮ ಈ ಬಸವನಹುಳು ಮೆಲನಾಯ್ಡಿಸ್ ಅನ್ನು ತಂದು ಅಲ್ಲಿ ಬಿಟ್ಟರು. ಇದರಲ್ಲಿ ಸ್ಕಿಸ್ಟೊಸೋಮಾ ಬೆಳೆಯುವುದಿಲ್ಲ. ಹಿಂಡು ಹಿಂಡಾಗಿ ಬೆಳೆದು ಜಾಗ, ಆಹಾರ ಎರಡನ್ನೂ ಕಬಳಿಸಿತು. ಕೆಲವೇ ವರ್ಷಗಳಲ್ಲಿ ಆ ಮಡಿಗಳಿಂದ ಬಯೊಂಫಲೇರಿಯಾ ಮಾಯ, ರೋಗ ಹರಡುವುದೂ ನಿಂತಿತು.

ಅಂದರೆ ಅದೇ ಜೀವಿ ಟೆಕ್ಸಾಸಿನಲ್ಲಿ ರೋಗ ತಂದಿತು, ಮಾರ್ಟಿನಿಕ್‌ನಲ್ಲಿ ರೋಗ ಓಡಿಸಿತು. ಎರಡೂ ನಿಜ. ಯಾವ ಹುಳುವಿಗೆ ಯಾವ ಬಸವನಹುಳು ಒಗ್ಗುತ್ತದೆ ಅನ್ನುವುದರ ಮೇಲೆ ಎಲ್ಲ ನಿಂತಿದೆ. ಆದರೂ ಹೀಗೆ ಒಂದನ್ನು ಓಡಿಸಲು ಇನ್ನೊಂದನ್ನು ತಂದು ಬಿಡುವ ಉಪಾಯವನ್ನು ನಾನಂತೂ ಅನುಮಾನದಿಂದಲೇ ನೋಡುತ್ತೇನೆ. ಒಂದು ಸಲ ಬಿಟ್ಟದ್ದನ್ನು ವಾಪಸ್ ಕರೆಯಲು ಆಗುವುದಿಲ್ಲ. ಅದರ ಜತೆ ನಾಳೆ ಯಾವ ಹುಳು ಬಂದು ಸೇರೀತು ಅನ್ನುವುದೂ ನಮ್ಮ ಕೈಯಲ್ಲಿಲ್ಲ. ಆಫ್ರಿಕಾದ ಮಲಾವಿ ಸರೋವರದಲ್ಲಿ ಈ ಜಾತಿ ಮೊದಲಿಂದಲೂ ಇತ್ತು. ಅಲ್ಲಿಗೂ ಏಷ್ಯಾದ ತಳಿಯೊಂದು ಬಂದು ಸ್ಥಳೀಯ ತಳಿಯನ್ನು ಪಕ್ಕಕ್ಕೆ ತಳ್ಳುತ್ತಿದೆ. ಚಿಪ್ಪು ನೋಡಿದರೆ ಹೆಚ್ಚುಕಡಿಮೆ ಒಂದೇ ಥರ, ಹಾಗಾಗಿ ಬಹಳ ಕಾಲ ಯಾರೂ ಗಮನಿಸಲೇ ಇಲ್ಲ.

ಕೆರೆಯಿಂದ ಇದನ್ನು ತೆಗೆದುಹಾಕುವುದು ಸಾಧ್ಯವಾ? ದೊಡ್ಡ ಕೆರೆಯಾದರೆ ಇಲ್ಲ ಅಂತಲೇ ಇಟ್ಟುಕೊಳ್ಳಿ. ಬಸವನಹುಳು ಕೊಲ್ಲುವ ನಿಕ್ಲೋಸಮೈಡ್, ಮೈಲುತುತ್ತದಂಥ ರಾಸಾಯನಿಕಗಳಿವೆ, ಆದರೆ ಅವು ಮೀನು ಮತ್ತಿತರ ಜೀವಿಗಳನ್ನೂ ಕೊಲ್ಲುತ್ತವೆ, ಇದು ಮಾತ್ರ ಮುಚ್ಚಳ ಹಾಕಿಕೊಂಡು ಕೆಸರಿನೊಳಗೆ ಕೂತಿರುತ್ತದೆ. ಮೀನು ಸಾಕುವ ಹೊಂಡವಾದರೆ ಖಾಲಿ ಮಾಡಿ, ಪೂರ್ತಿ ಒಣಗಿಸಿ, ಔಷಧಿ ಹಾಕಬಹುದು. ಬಲೆ, ಬಕೆಟ್, ಬೂಟಿಗೆ ಅಂಟಿಕೊಂಡ ಮರಿಗಳನ್ನು 50 ಡಿಗ್ರಿಯಷ್ಟು ಬಿಸಿನೀರಲ್ಲಿ ಕೆಲವು ನಿಮಿಷ ಮುಳುಗಿಸಿ ಕೊಲ್ಲಬಹುದು. ಅಕ್ವೇರಿಯಂ ಇರುವವರಿಗೆ ಹೇಳುವುದಾದರೆ, ತೊಟ್ಟಿಯ ಮರಳು, ಗಿಡ, ನೀರು ಯಾವುದನ್ನೂ ಹಳ್ಳ ಕೆರೆಗೆ ಹಾಕಬೇಡಿ. ಬೇಡವಾದ ಬಸವನಹುಳುಗಳನ್ನು ಫ್ರೀಜರಿನಲ್ಲಿಟ್ಟು ಸಾಯಿಸಿ ಕಸಕ್ಕೆ ಹಾಕಿ.

ಹಕ್ಕಿಯನ್ನು ತಡೆಯಲು ಆಗದು, ಬಸವನಹುಳುವನ್ನು ಅಳಿಸಲು ಆಗದು. ಹುಳುವಿನ ದಾರಿಯಲ್ಲಿ ನಮ್ಮ ಕೈಗೆ ಸಿಗುವ ಒಂದೇ ಜಾಗ ಅಡುಗೆಮನೆ. ಅಲ್ಲಿ ಕೆಲಸ ಸುಲಭ. ಮೀನಿನ ಒಳಗೂ 63 ಡಿಗ್ರಿ ತಲುಪುವ ಹಾಗೆ ಬೇಯಿಸಿದರೆ ಮರಿಗಳು ಸಾಯುತ್ತವೆ. ಹಸಿಯಾಗಿಯೇ ತಿನ್ನಬೇಕು ಅಂತಿದ್ದರೆ ಅಮೆರಿಕದ ಆಹಾರ ಮತ್ತು ಔಷಧ ಆಡಳಿತ ಹೇಳುವುದು ಮೈನಸ್ 20 ಡಿಗ್ರಿಯಲ್ಲಿ ಏಳು ದಿನ, ಇಲ್ಲವೇ ಮೈನಸ್ 35ರಲ್ಲಿ ಗಟ್ಟಿಯಾಗಿಸಿ 15 ಗಂಟೆ. ನಿಂಬೆರಸ, ಉಪ್ಪು, ವಿನಿಗರ್ ಹಚ್ಚಿಟ್ಟರೆ ಮೀನು ಬೆಂದ ಹಾಗೆ ಬೆಳ್ಳಗಾಗುತ್ತದೆ, ಆದರೆ ಹುಳು ಸತ್ತಿದೆ ಅನ್ನುವ ಭರವಸೆ ಅದರಿಂದ ಇಲ್ಲ. ಮನೆಯ ಫ್ರಿಜ್ಜಿನ ಮೇಲಿನ ಡಬ್ಬಿ ಮೈನಸ್ 20 ಮುಟ್ಟುತ್ತದಾ ಅಂತಲೂ ನೋಡಿಕೊಳ್ಳಬೇಕು, ಎಷ್ಟೋ ಮುಟ್ಟುವುದಿಲ್ಲ.

ಹೋಟೆಲು, ಅಂಗಡಿಗಳಿಗೆ ಇಂಥ ನಿಯಮ ಇದೆ. ತಾನೇ ಗಾಳ ಹಾಕಿ ಹಿಡಿದು ಮನೆಯಲ್ಲೇ ಸುಶಿ ಮಾಡಿಕೊಳ್ಳುವವನಿಗೆ ಯಾವ ನಿಯಮವೂ ಇಲ್ಲ. ಸ್ಯಾನ್ ಡಿಯಾಗೋ ಸಂಶೋಧಕರು ಸಿಹಿನೀರಿನ ಮೀನು ಹಿಡಿದು ತಿನ್ನುವ ಜನಪ್ರಿಯ ಯೂಟ್ಯೂಬ್ ವಿಡಿಯೊಗಳನ್ನೂ ಕೂತು ನೋಡಿದ್ದರು. ಸರಿಯಾಗಿ ಬೇಯಿಸಿ ಅಥವಾ ಫ್ರೀಜ್ ಮಾಡಿ ಅನ್ನುವ ಮಾತು ಬಹುಪಾಲು ವಿಡಿಯೊಗಳಲ್ಲಿ ಇರಲೇ ಇಲ್ಲ. ಆಗಿನವರೆಗೆ ಅಮೆರಿಕದಲ್ಲಿ ಅಲ್ಲಿನ ಮೀನಿನಿಂದ ಈ ಹುಳು ಯಾರಿಗಾದರೂ ಅಂಟಿದ ವರದಿ ಇರಲಿಲ್ಲ, ಆದರೆ ಹುಡುಕಬೇಕು ಅಂತಲೂ, ಸಿಕ್ಕರೆ ಸರ್ಕಾರಕ್ಕೆ ತಿಳಿಸಬೇಕು ಅಂತಲೂ ವೈದ್ಯರಿಗೆ ಯಾರೂ ಹೇಳಿರಲಿಲ್ಲ. ಇದನ್ನು ಕಡ್ಡಾಯವಾಗಿ ವರದಿ ಮಾಡಬೇಕಾದ ಸೋಂಕುಗಳ ಪಟ್ಟಿಗೆ ಸೇರಿಸಿ ಅನ್ನುವುದು ಆ ಸಂಶೋಧಕರ ಸಲಹೆ.